ಮೂರನೇ ಕೆಮ್ಮು

ಇದನ್ನು ಬರೆಯುತ್ತಿರುವ ಡ್ರೈವರನ ದಡ್ಡತನವನ್ನು ಮೊದಲೇ ಹೇಳಿ ಮುಗಿಸಿಬಿಡುವುದು ವಾಸಿ. ಆಮೇಲೆ ಬೇರೆಯವರ ಬಾಯಿಂದ ಗೊತ್ತಾದರೆ ಇರುವ ಚೂರುಪಾರು ಮರ್ಯಾದೆಯೂ ಹೋಗುತ್ತದೆ.

ಜ್ವಾಲಾಮುಖಿ ಬೆಟ್ಟಕ್ಕೆ ಜನರನ್ನು ಒಂದು ದಿನದ ಮಟ್ಟಿಗೆ ಕರೆದೊಯ್ದು ತೋರಿಸುವ ಪುಟ್ಟ ಕಂಪನಿಯೊಂದರಲ್ಲಿ ಅವನಿಗೆ ವ್ಯಾನ್ ಓಡಿಸುವ ಕೆಲಸ ಸಿಕ್ಕಿತ್ತು. ಊರಿಗೂ ಹೊಸಬ, ಕೆಲಸಕ್ಕೂ ಹೊಸಬ. ಮೊದಲ ದಿನ ಬೆಳಗ್ಗೆ ಏಳಕ್ಕೆ ಹೋಗಿ ವ್ಯಾನಿನ ಬಾಗಿಲು ತೆಗೆದರೆ ಒಳಗೆಲ್ಲ ಕೊಳೆತ ಮೊಟ್ಟೆಯ ವಾಸನೆ. ಇನ್ನು ಹತ್ತು ನಿಮಿಷಕ್ಕೆ ಎಂಟು ಜನ ಪ್ರವಾಸಿಗಳು ಬಂದು ಕೂರುವವರು. ಮೂಗು ಹಿಡಿದುಕೊಂಡು ಸೀಟಿನಡಿಯೆಲ್ಲ ತಡಕಿದ. ಮುಂದಿನ ಸೀಟಿನ ಮೇಲೆ ಒಂದು ಸ್ಟೀಲ್ ಡಬ್ಬಿ ಸಿಕ್ಕಿತು. ಮುಚ್ಚಳ ತೆಗೆದರೆ ನಾಲ್ಕು ಬೇಯಿಸಿದ ಮೊಟ್ಟೆ. ಕಳ್ಳ ಸಿಕ್ಕಿಬಿದ್ದ ಎಂದು ಡ್ರೈವರನಿಗೆ ಖುಷಿಯೋ ಖುಷಿ. ನಾಲ್ಕನ್ನೂ ಬೀದಿ ನಾಯಿಗೆ ಹಾಕಿ, ಡಬ್ಬಿ ತೊಳೆದಿಟ್ಟು, ಗಾಳಿಯಾಡಲಿ ಎಂದು ಕಿಟಕಿಗಳನ್ನೆಲ್ಲ ತೆಗೆದ. ವಾಸನೆ ದುಪ್ಪಟ್ಟಾಯಿತು. ಏಕೆಂದರೆ ಅದು ಬರುತ್ತಿದ್ದದ್ದೇ ಹೊರಗಿನಿಂದ. ಬೆಟ್ಟದ ಕಡೆಯಿಂದ ಗಾಳಿ ಬೀಸಿದ ದಿನ ಊರಿಗೆ ಊರೇ ಹಾಗೆ ನಾರುತ್ತದೆ ಎಂಬುದು ಅಲ್ಲಿನ ಮೂರು ವರ್ಷದ ಮಗುವಿಗೂ ಗೊತ್ತು.

ಡಬ್ಬಿಯ ಒಡತಿ ಬಂದಳು. ಕೈಯಲ್ಲಿ ತನಗಿಂತ ಉದ್ದದ ಕೋಲು.

"ಯಾರಪ್ಪ ಇದನ್ನ ತೊಳೆದಿಟ್ಟಿರೋದು? ಒಳಗಿದ್ದಿದ್ದು ಎಲ್ಲಿ?"

"ಕೊಳೆತುಹೋಗಿತ್ತು ಅಕ್ಕಾ. ನಾಯಿಗೆ ಹಾಕ್ದೆ. ಅಯ್ಯೋ, ಏನು ವಾಸನೆ ಅಂತೀರಿ!"

"ವಾಸನೆ ಇತ್ತಾ?" ಎಂದು ಕೇಳಿದಳು. ವ್ಯಂಗ್ಯವಲ್ಲ, ನಿಜವಾಗಿಯೂ ಕೇಳಿದಳು. "ಬೆಳಗ್ಗೆ ನಮ್ಮತ್ತೆ ಮೂಸಿ ನೋಡಿಯೇ ಕೊಟ್ಟಿದ್ರಲ್ಲ?"

ಮೊಟ್ಟೆ ಮೂಸಿ ಕೊಡುವ ಅತ್ತೆ! ಎಂಥ ಮನೆಯಪ್ಪಾ ಇದು ಎಂದುಕೊಂಡ ಡ್ರೈವರ್. ಅಷ್ಟರಲ್ಲಿ ಪಕ್ಕದ ವ್ಯಾನಿನವನಿಗೆ ವಿಷಯ ಗೊತ್ತಾಗಿ, ಅವನು ಸ್ಟೇರಿಂಗಿಗೆ ತಲೆ ಚಚ್ಚಿಕೊಂಡು ನಕ್ಕಿದ್ದೂ ಆಯಿತು. ಅಂದಿನಿಂದ ಡ್ರೈವರನಿಗೆ ಆ ಬೀದಿಯಲ್ಲಿ ಬೇರೆ ಹೆಸರೇ ಇಲ್ಲ. ಎಲ್ಲರಿಗೂ ಅವನು ಮೊಟ್ಟೆ. ಅವನ ಕಥೆ ಇಲ್ಲಿಗೆ ಸಾಕು, ಹೇಳಬೇಕಾದದ್ದು ಕೋಲಿನವಳದ್ದು.

ಎಲ್ಲರೂ ಅವಳನ್ನು ಕರೆಯುತ್ತಿದ್ದದ್ದು ಕೋಲಕ್ಕ ಎಂದು. ವಯಸ್ಸು ಐವತ್ತೆರಡು. ಎತ್ತರ ಅಷ್ಟಕ್ಕಷ್ಟೆ. ಗುಂಪಿನ ಮುಂದೆ ಅವಳು ನಡೆದರೆ ಕೊನೆಯವರಿಗೆ ಅವಳು ಕಾಣುವುದಿಲ್ಲ, ಕೋಲಿನ ತುದಿಗೆ ಕಟ್ಟಿದ ಕೆಂಪು ಬಟ್ಟೆ ಮಾತ್ರ ಕಾಣುತ್ತದೆ. ಆ ಬಟ್ಟೆಗೆ ಅಂಚು ಹೊಲಿದುಕೊಡುವವನು ಅವಳ ಗಂಡ, ದರ್ಜಿ. ಇಪ್ಪತ್ತಮೂರು ವರ್ಷದಿಂದ ಅವಳು ಗೈಡ್. ಅದಕ್ಕೂ ಮೊದಲು ಅದೇ ಬೆಟ್ಟಕ್ಕೆ ನೀರಿನ ಕ್ಯಾನು ಹೊರುವ ಕೆಲಸ.

ಅವಳ ಜೊತೆ ಒಂದು ದಿನ ಹೋದವರು ಅವಳ ಮಾತನ್ನು ಮರೆಯುವುದಿಲ್ಲ. ಊರು ದಾಟಿದ ಮೇಲೆ ರಸ್ತೆಯ ಎರಡೂ ಕಡೆ ಹರಿದು ಗಟ್ಟಿಯಾದ ಲಾವಾ, ಉಕ್ಕಿ ಒಲೆಯ ಮೇಲೆಲ್ಲ ಚೆಲ್ಲಿ ಸೀದುಹೋದ ಬೆಲ್ಲದ ಪಾಕದ ಹಾಗೆ ಕಪ್ಪಗೆ, ಮಡಿಕೆ ಮಡಿಕೆಯಾಗಿ ಬಿದ್ದಿರುತ್ತದೆ. "ಇದು ಬೆಟ್ಟ ಹಾಕಿದ ರಸ್ತೆ," ಎನ್ನುತ್ತಿದ್ದಳು. "ಟೆಂಡರಿಲ್ಲ, ಶಂಕುಸ್ಥಾಪನೆ ಇಲ್ಲ. ಆರು ದಿನದಲ್ಲಿ ಮುಗಿಸ್ತು. ಇವತ್ತಿನವರೆಗೆ ಒಂದು ಗುಂಡಿ ಬಿದ್ದಿಲ್ಲ ನೋಡಿ." ಮೊದಲ ನಿಲುಗಡೆ ಲಾವಾ ಹರಿದು ಒಳಗೆ ಟೊಳ್ಳಾಗಿ ಉಳಿದ ಸುರಂಗ. ಎರಡನೆಯದು ಬೂದಿಯ ಇಳಿಜಾರು. ಅಲ್ಲಿ ಕೋಲಿನಿಂದ ಒಂದು ಗೇಣು ಕೆದಕಿ, "ಕೈ ಇಡಿ, ನಿಧಾನ," ಎನ್ನುವಳು. ಕೈಯಿಟ್ಟವರು ಬಿಸಿ ತಾಗಿ ಚೀರುವರು. "ಒಳಗೆ ಇನ್ನೂ ಜೀವ ಇದೆ. ಮಲಗಿರೋರ ಮನೇಲಿ ನಡೆದಾಡೋ ಹಾಗೆ ನಡೀಬೇಕು, ತಿಳೀತಾ?"

ಮೂರನೆಯದು ಕಟ್ಟೆ. ಬೆಟ್ಟದ ಬಾಯಿಗೆ ಇನ್ನು ನಲವತ್ತು ನಿಮಿಷದ ಏರು ಇರುವಾಗ ಸಿಗುವ ಚಪ್ಪಟೆ ಜಾಗ. ಹಳೆಯ ಗೈಡುಗಳು ಕಲ್ಲು ಜೋಡಿಸಿ ಕೂರಲು ಮಾಡಿದ್ದರು. ಅಲ್ಲಿಂದ ಮೇಲಕ್ಕೆ ಹೋದರೆ ಹಸಿರು ಕೆರೆಯಿರುವ ದೊಡ್ಡ ಕುಳಿ, ಹಳದಿ ಗಂಧಕದ ಗೋಡೆ, ಬುಸುಗುಟ್ಟುವ ಹೊಗೆ. ಜನ ಬರುವುದೇ ಅದಕ್ಕೆ.

ಕೋಲಕ್ಕನ ಕಟ್ಟಳೆ ಇದ್ದದ್ದು ಆ ಕಟ್ಟೆಯಲ್ಲಿ. ಎಂಟು ಜನರನ್ನೂ ಒಂದೇ ಸಾಲಿನಲ್ಲಿ ಕೂರಿಸುವಳು. ಹತ್ತು ನಿಮಿಷ ಮಾತಿಲ್ಲ, ತಿನ್ನುವಂತಿಲ್ಲ, ಕುಡಿಯುವಂತಿಲ್ಲ. ಅವಳು ಅವರಿಗೆ ಬೆನ್ನು ಹಾಕಿ, ಕಣ್ಣು ಮುಚ್ಚಿ ನಿಲ್ಲುವಳು. ಆ ಹತ್ತು ನಿಮಿಷದಲ್ಲಿ ಒಬ್ಬರು ಕೆಮ್ಮಿದರೆ ಸರಿ. ಇಬ್ಬರು ಕೆಮ್ಮಿದರೂ ಸರಿ. ಮೂರನೆಯವರು ಕೆಮ್ಮಿದರೆ ಕೋಲು ಕೆಳಮುಖವಾಗುತ್ತಿತ್ತು. ಅಷ್ಟೆ, ಎಲ್ಲರೂ ವಾಪಸ್. ಯಾರು, ಯಾಕೆ, ಏನು ಎಂಬ ವಿಚಾರಣೆ ಇಲ್ಲ.

ಕಂಪನಿಯ ಯಜಮಾನರಿಗೆ ಈ ಕಟ್ಟಳೆ ಗಂಟಲಲ್ಲಿ ಸಿಕ್ಕ ಮುಳ್ಳು. ಕೊನೆಗೆ ಅವರು ಗಾಳಿಯಲ್ಲಿನ ವಿಷಾನಿಲ ಅಳೆಯುವ ಯಂತ್ರವೊಂದನ್ನು ತರಿಸಿದರು. ಬೆಂಕಿಪೊಟ್ಟಣದಷ್ಟಿತ್ತು, ಹಸಿರು ದೀಪ ಉರಿದರೆ ಗಾಳಿ ಶುದ್ಧ, ಕೆಂಪು ಉರಿದರೆ ಓಡಬೇಕು. ಕೋಲಕ್ಕ ಅದನ್ನು ಬೇಡವೆನ್ನಲಿಲ್ಲ. "ಕೆಂಪು ಉರಿದ್ರೆ ನಾನೇ ಮೊದಲು ಓಡ್ತೀನಿ. ಹಸಿರು ಉರಿದ್ರೆ ಅದೊಂದನ್ನೇ ನಂಬಲ್ಲ, ಕೆಮ್ಮನ್ನೂ ಕೇಳ್ತೀನಿ," ಎಂದಳು. ಯಜಮಾನರು ಯಂತ್ರವನ್ನು ಅವಳಿಗೆ ಕೊಡದೆ ತಮ್ಮ ಬಾಮೈದನ ಸೊಂಟಕ್ಕೆ ಸಿಕ್ಕಿಸಿ, ಅವನನ್ನು ಅವಳ ಹಿಂದೆ ಕಳಿಸತೊಡಗಿದರು. ಬಾಮೈದ ಗೈಡ್ ಆಗುವ ಹಾದಿಯಲ್ಲಿದ್ದ. ಬೂಟು, ಕನ್ನಡಕ, ಟೋಪಿ ಎಲ್ಲ ಆಗಲೇ ಆಗಿತ್ತು; ಬೆಟ್ಟ ಮಾತ್ರ ಬಾಕಿ.

ಎಡವಟ್ಟಾದ ದಿನ ನೀರು ಹೊರುವವನು ರಜೆ. "ಮೊಟ್ಟೆ, ನೀನೇ ಹೊತ್ಕೊಂಡು ನಡಿ," ಎಂದರು ಯಜಮಾನರು. ಹಾಗಾಗಿ ಯಾವಾಗಲೂ ವ್ಯಾನಿನಲ್ಲಿ ಕಾಲು ಚಾಚಿ ನಿದ್ದೆ ಹೊಡೆಯುತ್ತಿದ್ದ ಡ್ರೈವರ್, ಬೆನ್ನಿಗೆ ಎರಡು ಕ್ಯಾನು ಕಟ್ಟಿಕೊಂಡು ಗುಂಪಿನ ಕೊನೆಯಲ್ಲಿ ಏದುಸಿರು ಬಿಡುತ್ತ ಹತ್ತಿದ.

ಆ ದಿನದ ಗುಂಪಿನಲ್ಲಿ ಒಬ್ಬ ಮೇಷ್ಟ್ರಿದ್ದರು. ಮೂವತ್ತೊಂದು ವರ್ಷ ಭೂಗೋಳ ಪಾಠ ಮಾಡಿ ನಿವೃತ್ತರಾದವರು. ಕಪ್ಪು ಹಲಗೆಯ ಮೇಲೆ ಜ್ವಾಲಾಮುಖಿಯ ಒಳಗನ್ನು ಕೆಂಪು, ಹಳದಿ ಸೀಮೆಸುಣ್ಣದಲ್ಲಿ ವರ್ಷಕ್ಕೆ ನಾಲ್ಕು ಸಲ ಬರೆದು ಅಳಿಸಿದ ಕೈ. ನಿಜವಾದದ್ದನ್ನು ನೋಡಿರಲಿಲ್ಲ. ಸುರಂಗದಲ್ಲಿ ಗೋಡೆಯನ್ನು ಮಗುವಿನ ಕೆನ್ನೆ ಸವರಿದಂತೆ ಸವರಿದರು. ಬೂದಿಯ ಇಳಿಜಾರಿನಲ್ಲಿ ಕೈಯಿಟ್ಟು, ತೆಗೆಯಲೇ ಇಲ್ಲ. ಕೋಲಕ್ಕನೇ ಎಳೆದು ತೆಗೆಸಬೇಕಾಯಿತು. "ನಾನು ಹೇಳಿದ್ದೆಲ್ಲ ನಿಜವಾಯ್ತಲ್ಲಮ್ಮ," ಎಂದು ಕೆಂಪಾದ ಅಂಗೈ ತೋರಿಸಿ ನಕ್ಕರು.

ಕಟ್ಟೆಯಲ್ಲಿ ಎಲ್ಲರೂ ಕೂತರು. ಕೋಲಕ್ಕ ಬೆನ್ನು ಹಾಕಿ ನಿಂತಳು. ಆಕಾಶ ತೊಳೆದಿಟ್ಟ ಹಾಗಿತ್ತು. ಬಾಮೈದ ದೂರದ ಬಂಡೆಯ ಮೇಲೆ ನಿಂತು, ಬೆಟ್ಟ ತನ್ನ ಹಿಂದೆ ಬರುವ ಹಾಗೆ ತನ್ನದೇ ಫೋಟೋ ತೆಗೆದುಕೊಳ್ಳುತ್ತಿದ್ದ.

ಮೊದಲು ಕೆಮ್ಮಿದವರು ಮೇಷ್ಟ್ರು. ಒಣ ಕೆಮ್ಮು, ಎರಡು ಸಲ. ಆಮೇಲೆ, ಹೊಸದಾಗಿ ಮದುವೆಯಾಗಿ ಬಂದಿದ್ದ ಜೋಡಿಯಲ್ಲಿ ಹೆಂಡತಿ ಸೆರಗು ಬಾಯಿಗೊತ್ತಿಕೊಂಡು ಕೆಮ್ಮಿದಳು. ಗಂಡ ಅವಳನ್ನು ದುರುಗುಟ್ಟಿ ನೋಡಿದ. ಅಲ್ಲಿಂದ ಮುಂದೆ ಎಂಟೂ ಜನ ಉಸಿರು ಬಿಗಿಹಿಡಿದು ಕೂತರು. ಎಂಟು, ಒಂಬತ್ತು ನಿಮಿಷ ಆಗಿರಬೇಕು.

ಡ್ರೈವರನ ಜೇಬಿನಲ್ಲಿ ಹುರಿದ ಕಡಲೆಬೀಜವಿತ್ತು. ತಿನ್ನುವಂತಿಲ್ಲ ಎಂದದ್ದು ಪ್ರವಾಸಿಗಳಿಗೆ, ತಾನು ಸಿಬ್ಬಂದಿ ಎಂದು ಅವನ ಲೆಕ್ಕಾಚಾರ. ಕೋಲಕ್ಕನ ಬೆನ್ನು ತನ್ನ ಕಡೆಗಿದೆಯಲ್ಲ ಎಂಬ ಧೈರ್ಯ ಬೇರೆ. ಒಂದೇ ಒಂದನ್ನು ಬಾಯಿಗೆಸೆದುಕೊಂಡ. ಅದರ ಸಿಪ್ಪೆ ನೆಟ್ಟಗೆ ಹೋಗಿ ಗಂಟಲಿಗೆ ಅಂಟಿತು. ತಡೆದ, ನುಂಗಿದ, ಕಣ್ಣಲ್ಲಿ ನೀರು ಬಂತು. ಆಮೇಲೆ ಆ ಬೆಟ್ಟದಲ್ಲಿ ಯಾರೂ ಕೆಮ್ಮಿರದ ಹಾಗೆ ಕೆಮ್ಮಿದ.

ಕೋಲು ಕೆಳಮುಖವಾಯಿತು.

"ಅಕ್ಕಾ, ಹಸಿರು ಇದೆ ಅಕ್ಕಾ! ಹಸಿರು!" ಎಂದು ಬಂಡೆಯಿಂದ ಬಾಮೈದ ಕೂಗಿದ.

"ಅದು ನಿನ್ನ ಸೊಂಟದ ಗಾಳಿ ನೋಡ್ತಿದೆ. ನಾನು ಎಲ್ಲರ ಗಂಟಲಿನ ಗಾಳಿ ಕೇಳ್ತಿದೀನಿ. ಏಳಿ ಎಲ್ಲಾರೂ, ಇಳಿಯೋಣ."

"ಅಮ್ಮಾ, ನಂದು ಸೀಮೆಸುಣ್ಣದ ಪುಡಿ ಕಣಮ್ಮಾ," ಎಂದರು ಮೇಷ್ಟ್ರು. "ಮೂವತ್ತೊಂದು ವರ್ಷದ ಕೆಮ್ಮು. ಇದಕ್ಕೂ ನಿಮ್ಮ ಬೆಟ್ಟಕ್ಕೂ ಸಂಬಂಧ ಇಲ್ಲ."

"ನಂದು ನೆಗಡಿ ಆಂಟೀ," ಎಂದಳು ಹೊಸ ಹೆಂಡತಿ.

ಡ್ರೈವರ್ ತಲೆ ತಗ್ಗಿಸಿ ಕ್ಯಾನುಗಳನ್ನು ಬೆನ್ನಿಗೇರಿಸಿದ. ಬಾಯಲ್ಲಿ ಇನ್ನೂ ಅರ್ಧ ಕಡಲೆಬೀಜವಿತ್ತು.

"ಇರಬಹುದು. ಏಳಿ," ಎಂದಳು ಕೋಲಕ್ಕ.

ವಾಪಸ್ ಬರುವಾಗ ರಸ್ತೆಯ ತಿರುವೊಂದರಲ್ಲಿ ಬೆಟ್ಟದ ನೆತ್ತಿ ಪೂರ್ತಿ ಕಂಡಿತು. ಹೊಗೆಯ ಎಳೆಯೂ ಇರಲಿಲ್ಲ. ಬೇರೊಂದು ಕಂಪನಿಯ ಗುಂಪು ಅಂಚಿನ ಮೇಲೆ ಇರುವೆ ಸಾಲಿನಂತೆ ನಿಂತು ಕೈ ಬೀಸುತ್ತಿತ್ತು. ಮೇಷ್ಟ್ರು ಕತ್ತು ತಿರುಗಿಸಿ, ಅದು ಮರೆಯಾಗುವವರೆಗೂ ನೋಡುತ್ತಲೇ ಇದ್ದರು. ಕನ್ನಡಿಯಲ್ಲಿ ಅವರ ಮುಖ ನೋಡಿದ ಡ್ರೈವರ್ ಎರಡು ಸಲ ಗೇರ್ ತಪ್ಪಿಸಿದ.

ಮೇಷ್ಟ್ರು ಕಂಪನಿಯ ಆಫೀಸಿಗೆ ಬಂದು ಜಗಳವಾಡಿದ್ದರೆ ಚೆನ್ನಾಗಿತ್ತು. ಅವರು ಕುರ್ಚಿಯ ತುದಿಯಲ್ಲಿ ಕೂತು ಮೆಲ್ಲಗೆ ಹೇಳಿದರು: "ನಾನು ಮತ್ತೆ ಬರೋ ವಯಸ್ಸಲ್ಲ. ಬಂದರೂ ಹತ್ತೋ ಮಂಡಿ ಇರಲ್ಲ. ಆಕೆ ಅಂದಾಜು ತಪ್ಪಿತು ಅಂತ ಒಂದು ಮಾತು ಒಪ್ಪಿಕೊಳ್ಳಲಿ, ಸಾಕು."

ಯಜಮಾನರಿಗೆ ಇಂಥದ್ದೇ ಬೇಕಿತ್ತು. ನಾಳೆ ಬೆಳಗಿನ ವ್ಯಾನಿನಲ್ಲಿ ಬಿಟ್ಟಿ ಸೀಟು ಕೊಡುತ್ತೇನೆಂದು ಮೇಷ್ಟ್ರನ್ನು ಕಳಿಸಿ, ಡ್ರೈವರನನ್ನು ಕರೆದರು. ಅವನಿಗೆ ವ್ಯಾನ್ ಬಿಟ್ಟರೆ ಬರುತ್ತಿದ್ದ ಇನ್ನೊಂದೇ ವಿದ್ಯೆ ಟೈಪಿಂಗ್. ಗೋಡೆಯ ಮೊಳೆಗಳಿಗೆ ಹೆಲ್ಮೆಟ್‌ಗಳು ನೇತುಬಿದ್ದ ಆ ಕೋಣೆಯಲ್ಲಿ, ಕಟಕಟ ಎನ್ನುವ ಪ್ರಿಂಟರಿನ ಪಕ್ಕ ಕೂತು, ಯಜಮಾನರು ಹೇಳಿದ್ದನ್ನು ಅವನು ಬಡಿದ: 'ನನ್ನ ತಪ್ಪು ಅಂದಾಜಿನಿಂದ ಗುಂಪನ್ನು ಹಿಂದಕ್ಕೆ ಕರೆತಂದಿರುತ್ತೇನೆ. ಇನ್ನು ಮುಂದೆ ಯಂತ್ರದ ಸೂಚನೆಯಂತೆ ಮಾತ್ರ ನಡೆದುಕೊಳ್ಳುತ್ತೇನೆ.' ಕೆಳಗೆ ಸಹಿಗೆ ಜಾಗ.

"ಸೈನ್ ಹಾಕಿದ್ರೆ ನಾಳೆ ಅವಳೇ ಗೈಡು. ಇಲ್ಲಾಂದ್ರೆ ನನ್ನ ಬಾಮೈದ. ಅವಳು ಬೇಕಾದ್ರೆ ಇಲ್ಲಿ ಹೆಲ್ಮೆಟ್ ಒರೆಸ್ಕೊಂಡು ಇರಲಿ. ಹೋಗಿ ಕೊಟ್ಟು ಬಾ."

ಕೋಲಕ್ಕನ ಮನೆ ಲಾಂಡ್ರಿ ಅಂಗಡಿಯ ಮೇಲಿನ ಎರಡು ಕೋಣೆ. ಮೆಟ್ಟಿಲು ಹತ್ತುವಾಗಲೇ ಇಸ್ತ್ರಿಯ ಬಿಸಿ ಹಬೆ ಮುಖಕ್ಕೆ ಬಡಿಯುತ್ತದೆ. ಮೊದಲ ಕೋಣೆಯ ಕಿಟಕಿಗೆ ಒತ್ತಿ ದರ್ಜಿಯ ಹೊಲಿಗೆ ಯಂತ್ರ, ಅದರ ಸುತ್ತ ಬಟ್ಟೆಯ ಚೂರುಗಳು, ಮೂಲೆಯ ಮಂಚದ ಮೇಲೆ ಅತ್ತೆ. ಡ್ರೈವರ್ ಒಳಗೆ ಬಂದಾಗ ಸಂಜೆ ಐದೂವರೆ. ಅತ್ತೆ ಹಾಲಿನ ಪಾತ್ರೆಗೆ ಮೂಗು ಇಟ್ಟು ತೀರ್ಪು ಕೊಡುತ್ತಿದ್ದರು.

"ಕಾಯಿಸಬಹುದು," ಎಂದು ಪಾತ್ರೆ ಸೊಸೆಗೆ ಕೊಟ್ಟು ಅವನತ್ತ ತಿರುಗಿದರು. "ಬಾರಪ್ಪಾ ಮೊಟ್ಟೆ. ಈ ಮನೇಲಿ ಮೂಗು ಅಂತ ಇರೋದು ನಂದೊಂದೇ. ಮಗನಿಗೆ ಹುಟ್ಟಿದಾಗಿಂದ ನೆಗಡಿ, ಸೊಸೆಗೆ ಮೂಗೇ ಸತ್ತುಹೋಗಿದೆ. ನಾನು ಕಣ್ಮುಚ್ಚಿದ ಮಾರನೇ ದಿನದಿಂದ ಇವರು ಹಳಸಿದ್ದೇ ತಿನ್ನೋದು."

ಡ್ರೈವರ್ ಕಾಗದ ಕೊಟ್ಟ. ಕೋಲಕ್ಕ ನಿಂತಲ್ಲೇ ಓದಿದಳು. ಮಡಿಸಿದಳು. ಮತ್ತೆ ಬಿಡಿಸಿ ಓದಿದಳು.

"ಚೆನ್ನಾಗಿ ಟೈಪ್ ಮಾಡಿದೀಯ. ಒಂದೂ ತಪ್ಪಿಲ್ಲ."

ಅದನ್ನು ಕೇಳಿ ಅವನಿಗೆ ನೆಲ ಬಾಯಿಬಿಡಬಾರದೇ ಅನ್ನಿಸಿತು. "ಅಕ್ಕಾ," ಎಂದ. "ಮೂರನೇ ಕೆಮ್ಮು ನಂದು."

"ಗೊತ್ತು. ಕೇಳಿಸ್ತಲ್ಲ."

"ಅದು ಗಾಳಿಯಿಂದ ಬಂದಿದ್ದಲ್ಲ ಅಕ್ಕಾ. ಕಡಲೆಬೀಜದ್ದು. ಕದ್ದು ತಿಂದೆ. ಸಿಪ್ಪೆ ಸಿಕ್ಕಾಕ್ಕೊಳ್ತು."

ಹೊಲಿಗೆ ಯಂತ್ರ ನಿಂತಿತು.

"ಎಷ್ಟು ತಿಂದೆ?" ಎಂದು ಕೇಳಿದರು ಅತ್ತೆ.

"ಒಂದೇ ಅಜ್ಜಿ."

"ಒಂದು ಕಡಲೆಬೀಜಕ್ಕೆ ಎಂಟು ಜನರನ್ನ ಬೆಟ್ಟದಿಂದ ಇಳಿಸಿದ್ಯಲ್ಲೋ ಪುಣ್ಯಾತ್ಮ! ಹಿಡಿ ತುಂಬ ತಿಂದಿದ್ರೆ ಊರೇ ಖಾಲಿ ಆಗ್ತಿತ್ತು."

ಕೋಲಕ್ಕ ನಗಲಿಲ್ಲ. ಒಲೆಯ ಮುಂದೆ ಹೋಗಿ ಹಾಲಿಟ್ಟು ಅಲ್ಲೇ ನಿಂತಳು. ಅವಳು ಬೈಯುತ್ತಾಳೆಂದು ಡ್ರೈವರ್ ಕಾಯುತ್ತಿದ್ದ, ಬೈದಿದ್ದರೆ ಹಗುರಾಗುತ್ತಿತ್ತು.

"ನಾನು ನೀರು ಹೊರ್ತಿದ್ದ ಕಾಲ," ಎಂದಳು, ಹಾಲಿನ ಮೇಲೇ ಕಣ್ಣಿಟ್ಟು. "ಆಗಿನ ಗೈಡು ತುಂಬ ಒಳ್ಳೇವನು. ಯಾರಾದ್ರೂ ಕೆಮ್ಮಿದ್ರೆ ನಿಂತು ಕೇಳ್ತಿದ್ದ, ಯಾಕಪ್ಪ, ಏನಾಯ್ತು ಅಂತ. ಅವತ್ತು ಐದು ಜನ ಕೆಮ್ಮಿದ್ವಿ. ಒಬ್ಬ ಸಿಗರೇಟಿಂದು ಅಂದ. ಒಬ್ಬಳು ಧೂಳು ಅಂದಳು. ಒಬ್ಬರು ಹಳೇ ಉಬ್ಬಸ ಅಂದ್ರು. ಎಲ್ಲಾರದ್ದೂ ನಿಜವೇ. ನನ್ನನ್ನೂ ಕೇಳಿದ. ಗಂಟಲು ಉರೀತಿದೆ ಅಂದ್ರೆ ಕೆಳಗೆ ಕಳಿಸ್ತಾನೆ, ನಾಳೆಯಿಂದ ಬೇರೆಯವರನ್ನ ಕರೀತಾನೆ. ಎಂಜಲು ನುಂಗಿದ್ದು ತಪ್ಪು ದಾರಿ ಹಿಡೀತು ಅಂದೆ. ನಕ್ಕ. ಹತ್ತಿದ್ವಿ."

"ಆಮೇಲೆ?"

"ಆಮೇಲೇನು, ಬೆಟ್ಟದ ಬಾಯಿಂದ ಬಿಳೀ ಮೋಡ ಇಳೀತು. ಒದ್ದೆ ಬಟ್ಟೆ ಮುಖಕ್ಕೆ ಹಾಕ್ಕೊಂಡು ನೆಲ ಕಚ್ಚಿ ಬಿದ್ಕೊಂಡ್ವಿ. ಆಮೇಲೆ ತೆವಳಿಕೊಂಡು ಬಂದ್ವಿ. ಯಾರೂ ಸಾಯಲಿಲ್ಲ. ಎಲ್ಲಾರೂ ವಾರಕ್ಕೆ ಸರಿಹೋದ್ರು. ನನ್ನ ಮೂಗು ಮಾತ್ರ ವಾಪಸ್ ಬರಲಿಲ್ಲ." ಹಾಲು ಉಕ್ಕುವ ಮೊದಲು ಇಳಿಸಿದಳು. "ಅದಕ್ಕೇ ನಾನು ಕಾರಣ ಕೇಳಲ್ಲ. ಕೇಳಿದ್ರೆ ಎಲ್ಲಾರ ಹತ್ರಾನೂ ಒಂದು ಇರುತ್ತೆ. ನಿನ್ನದೂ ಒಂದು. ಕೆಮ್ಮಿದ್ದು ನಿಜ ತಾನೇ?"

"ನಿಜ ಅಕ್ಕಾ."

"ಮುಗೀತು."

ದರ್ಜಿ ಬಾಯಲ್ಲಿದ್ದ ಗುಂಡುಸೂಜಿ ತೆಗೆದು, "ಸೈನ್ ಹಾಕ್ಬಿಡೇ," ಎಂದ. "ಕಾಗದ ತಾನೇ. ಮೇಲೆ ಹೋದ್ಮೇಲೆ ನಿನ್ನಿಷ್ಟದ ಹಾಗೇ ಮಾಡು. ಅಲ್ಲೇನು ಯಜಮಾನ್ರು ಬಂದು ಕೂತಿರ್ತಾರಾ?"

"ಬಾಮೈದ ಇರ್ತಾನೆ. ಈ ಕಾಗದ ಜೇಬಲ್ಲಿಟ್ಕೊಂಡೇ ಬರ್ತಾನೆ. ನಾನು ಕೋಲು ಇಳಿಸಿದಾಗ ಅದನ್ನ ತೆಗೆದು ಓದ್ತಾನೆ. ಆಮೇಲೆ ನನ್ನ ಮಾತಿಗೆ ಯಾರು ಏಳ್ತಾರೆ?"

"ಹೆಲ್ಮೆಟ್ ಒರೆಸೋದಕ್ಕೆ ಹಾಕ್ತಾರಂತೆ."

"ಹಾಕಲಿ. ಸೈನ್ ಮಾತ್ರ ಇಲ್ಲ."

"ಈ ಹಠ ಎಲ್ಲಿಂದ ತಂದ್ಯೇ ನೀನು?"

"ನಿಮ್ಮಮ್ಮನ ಜೊತೆ ಇಪ್ಪತ್ತೇಳು ವರ್ಷ ಇದೀನಲ್ಲ," ಎಂದಳು. ಮಂಚದ ಮೇಲಿಂದ ಅತ್ತೆ, ಬಿರುದು ಸಿಕ್ಕವರಂತೆ ತಲೆಯಾಡಿಸಿದರು.

ಮಾರನೆಯ ಬೆಳಗ್ಗೆ ವ್ಯಾನ್ ತುಂಬಿ ನಿಂತಿತ್ತು. ಏಳು ಜನ ಹೊಸಬರು, ಎಂಟನೆಯವರಾಗಿ ಕಿಟಕಿ ಪಕ್ಕ ಮೇಷ್ಟ್ರು. ಬಾಮೈದ ಹೊಸ ಹೆಲ್ಮೆಟ್ ಹಾಕಿಕೊಂಡು ಮುಂದಿನ ಸೀಟಿನಲ್ಲಿ ಕೂತಾಗಿತ್ತು. ಕೋಲಕ್ಕ ಆಫೀಸಿನ ಮೇಜಿನ ಮೇಲೆ ಕಾಗದವನ್ನು ಮಡಿಕೆ ನೇರ ಮಾಡಿ ಇಟ್ಟಳು. ಸಹಿಯ ಜಾಗ ಖಾಲಿ.

ಯಜಮಾನರು ಗಿರಾಕಿಗಳು ಹತ್ತಿರವಿದ್ದಾಗ ದನಿ ಏರಿಸುವವರಲ್ಲ. ಹಲ್ಲು ತೋರಿಸಿ ನಗುತ್ತಲೇ ಬೈಯುವವರು. "ಯೋಚನೆ ಮಾಡಿದ್ಯೇನಮ್ಮಾ? ಒಂದು ಗೀಟು ಎಳೆಯೋದಕ್ಕೆ ಇಷ್ಟು ಕೊಬ್ಬಾ?"

ಡ್ರೈವರ್ ಬಾಗಿಲಲ್ಲಿ ಕೀ ಹಿಡಿದು ನಿಂತಿದ್ದ. ರಾತ್ರಿಯೆಲ್ಲ ಅವನು ಒಂದು ಲೆಕ್ಕ ಹಾಕಿದ್ದ: ತಪ್ಪು ತನ್ನದೆಂದು ಒಪ್ಪಿಕೊಂಡರೆ ಬೈಗುಳವೆಲ್ಲ ತನಗೆ ಬಂದು, ಅವಳು ಪಾರಾಗುತ್ತಾಳೆ. ಸಿನಿಮಾದಲ್ಲಿ ಹಾಗೇ ಆಗುತ್ತದೆ. ಎದೆಯುಬ್ಬಿಸಿ ಹೇಳಿಬಿಟ್ಟ: "ಸಾರ್, ತಪ್ಪು ನಂದು. ಕಟ್ಟೇಲಿ ನಾನು ಕಡಲೆಬೀಜ ತಿಂದು ಕೆಮ್ಮಿದೆ. ಅಕ್ಕಂದೇನೂ ತಪ್ಪಿಲ್ಲ."

ಯಜಮಾನರ ಮುಖ ಹಬ್ಬವಾಯಿತು. "ಕಡಲೆಬೀಜ! ಕೇಳಿದ್ಯಾ? ಇಷ್ಟು ದಿನ ಬೆಟ್ಟ ಇವಳ ಕಿವೀಲಿ ಮಾತಾಡುತ್ತೆ ಅಂದ್ಕೊಂಡಿದ್ದೆ. ಮಾತಾಡಿದ್ದು ಕಡಲೆಬೀಜ! ಈಗೇನಂತೀಯಮ್ಮಾ?"

ಪಾರು ಮಾಡಲು ಹೋಗಿ ಪೂರ್ತಿ ಮುಳುಗಿಸಿದೆ ಎಂದು ಡ್ರೈವರನಿಗೆ ಅರ್ಥವಾಗಲು ಅರೆಗಳಿಗೆ ಹಿಡಿಯಿತು.

"ನೆನ್ನೇನೇ ಗೊತ್ತು ನನಗೆ," ಎಂದಳು ಕೋಲಕ್ಕ. "ಮೂರು ಕೆಮ್ಮು ಮೂರೇ. ಇವತ್ತು ಇವನು ಮತ್ತೆ ಕಡಲೆಬೀಜ ತಿಂದು ಕೆಮ್ಮಿದ್ರೆ ಮತ್ತೆ ಇಳಿಸ್ತೀನಿ. ಇಳಿಸಿದ್ಮೇಲೆ ಇವನ ಕಿವಿ ಹಿಂಡ್ತೀನಿ, ಅದು ಬೇರೆ."

"ಇಳಿಸೋದಕ್ಕೆ ನೀನು ಹತ್ತಿದ್ರೆ ತಾನೇ? ಲೋ ಮೊಟ್ಟೆ, ಗಾಡಿ ತೆಗಿ. ಬಾಮೈದ ಇದಾನೆ."

ಕೋಲಕ್ಕ ಮೂಲೆಯಲ್ಲಿದ್ದ ಕೋಲು ತೆಗೆದುಕೊಂಡಳು. ವ್ಯಾನಿನತ್ತ ನಡೆದು, ಪಕ್ಕದ ಬಾಗಿಲನ್ನು ಕೈಯಾರೆ ಪೂರ್ತಿ ಸರಿಸಿದಳು. ಯಜಮಾನರು ಹಿಂದೆಯೇ ಓಡಿಬಂದರು. ಗಿರಾಕಿಗಳನ್ನು ಕಂಡೊಡನೆ ತುಟಿಗೆ ನಗು ಬಂತು.

"ಎಲ್ಲಾರಿಗೂ ನಮಸ್ಕಾರ," ಎಂದಳು. "ಒಂದು ವಿಷಯ ಹೇಳಿಬಿಡ್ತೀನಿ. ಮುಂದೆ ಕೂತಿರೋ ಇವರು ಯಂತ್ರ ನೋಡಿ ಕರ್ಕೊಂಡು ಹೋಗ್ತಾರೆ. ಹಸಿರಿದ್ರೆ ಕುಳಿಯವರೆಗೂ ಹೋಗ್ತೀರಿ. ನಾನು ಕರ್ಕೊಂಡು ಹೋದ್ರೆ, ಕಟ್ಟೇಲಿ ಮೂರು ಜನ ಕೆಮ್ಮಿದ ತಕ್ಷಣ ವಾಪಸ್ಸು. ಯಂತ್ರ ಏನೇ ಹೇಳಲಿ. ನೀವು ಎಷ್ಟು ದೂರದಿಂದ ಬಂದಿದ್ರೂ ಅಷ್ಟೆ, ಎಷ್ಟು ಬೇಡಿಕೊಂಡ್ರೂ ಅಷ್ಟೆ. ಯಾರ ಜೊತೆ ಹೋಗ್ತೀರಿ, ನೀವೇ ಹೇಳಿ."

"ತಮಾಷೆ ಮಾಡ್ತಾಳೆ," ಎಂದರು ಯಜಮಾನರು, ನಗುತ್ತ. ಅವರ ಕತ್ತಿನ ನರ ನಗುತ್ತಿರಲಿಲ್ಲ.

ಬಾಮೈದನಿಗೆ ತಡೆಯಲಾಗಲಿಲ್ಲ. ಹೆಲ್ಮೆಟ್ ಹಿಂದಕ್ಕೆ ತಳ್ಳಿ, "ಏನಕ್ಕಾ, ನಿಮ್ಮ ಮೂಗು ಯಂತ್ರಕ್ಕಿಂತ ಮೇಲಾ? ಅದನ್ನೇ ಹೇಳಿ ಇವರಿಗೆ," ಎಂದ.

ಅವಳ ಮೂಗಿನ ವಿಷಯ ಆ ಮನೆಯ ಮೂವರಿಗೂ ಡ್ರೈವರನಿಗೂ ಬಿಟ್ಟರೆ ಗೊತ್ತಿರಲಿಲ್ಲ. ಇಷ್ಟು ವರ್ಷ ಬಚ್ಚಿಟ್ಟದ್ದು. ಯಜಮಾನರಿಗೆ ಗೊತ್ತಾದರೆ ಕಾಗದ, ಸಹಿ ಯಾವುದೂ ಬೇಕಿಲ್ಲ. ಸುಮ್ಮನಿರಕ್ಕಾ ಎಂದು ಕಣ್ಣಲ್ಲೇ ಸನ್ನೆ ಮಾಡಿದ. ಅವಳು ಅವನ ಕಡೆ ನೋಡಲೇ ಇಲ್ಲ.

"ನನ್ನ ಮೂಗು ಕೆಲಸ ಮಾಡಲ್ಲ," ಎಂದಳು, ಎಲ್ಲರಿಗೂ ಕೇಳಿಸುವಷ್ಟು ಜೋರಾಗಿ. "ಇಪ್ಪತ್ತಾರು ವರ್ಷ ಆಯ್ತು. ಇಲ್ಲಿ ಈಗ ಗಂಧಕ ನಾರ್ತಿದ್ರೂ ನನಗೆ ಗೊತ್ತಾಗಲ್ಲ. ಅದಕ್ಕೇ ನಿಮ್ಮ ಗಂಟಲು ಕೇಳೋದು. ಯಜಮಾನ್ರೇ, ನಿಮಗೂ ಗೊತ್ತಿರಲಿಲ್ಲ. ಈಗ ಗೊತ್ತಾಯ್ತು."

ಯಜಮಾನರ ನಗು ಕೊನೆಗೂ ಜಾರಿತು. ಹಿಂದಿನ ಸೀಟಿನಲ್ಲಿ ಯಾರೋ ಕಿಸಕ್ಕೆಂದು, ತಕ್ಷಣ ಸುಮ್ಮನಾದರು. ಒಬ್ಬ ಹೆಂಗಸು ಗಂಡನ ತೋಳು ಹಿಡಿದು ಏನೋ ಪಿಸುಗುಟ್ಟಿದಳು. ಲಾಂಡ್ರಿಯವನ ತಳ್ಳುಗಾಡಿ ದಾರಿ ಸಿಗದೆ ವ್ಯಾನಿನ ಹಿಂದೆ ನಿಂತು ಗಂಟೆ ಬಾರಿಸುತ್ತಿತ್ತು, ಯಾರೂ ಕದಲಲಿಲ್ಲ.

ಮೇಷ್ಟ್ರು ಮೆಲ್ಲಗೆ ಎದ್ದರು. ಮಂಡಿ ಹಿಡಿದುಕೊಂಡು ಒಂದೊಂದೇ ಮೆಟ್ಟಿಲಿಳಿದು ಅವಳ ಎದುರು ನಿಂತರು. ಪರೀಕ್ಷೆಯ ದಿನ ಕೊನೆಯ ಬೆಂಚಿನ ಮುಂದೆ ನಿಂತ ಹಾಗೆ ನಿಂತರು.

"ನಾನು ಒಂದು ಕೇಳ್ತೀನಿ. ಸುತ್ತಿ ಬಳಸಿ ಹೇಳಬಾರದು."

"ಕೇಳಿ ಮೇಷ್ಟ್ರೇ."

"ಗೈಡ್ ಆದಾಗಿಂದ ಹೀಗೆ ಅರ್ಧ ದಾರೀಲಿ ಎಷ್ಟು ಗುಂಪು ಇಳಿಸಿದ್ದೀರಿ?"

"ನಲವತ್ತೊಂದು. ನಿಮ್ಮದು ಸೇರಿ."

ಏಳೂ ಜನ ಕಿಟಕಿಗೆ ಬಾಗಿದರು. ಯಜಮಾನರು ಕಾಗದವನ್ನು ಮುಷ್ಟಿಯಲ್ಲಿ ಮುದುಡಿದರು, ಮತ್ತೆ ಬಿಡಿಸಿದರು. ಮೇಷ್ಟ್ರ ದನಿ ಇನ್ನಷ್ಟು ಮೆತ್ತಗಾಯಿತು. ಮುಂದಿನ ಪ್ರಶ್ನೆ ಕೇಳಲು ಅವರಿಗೇ ಮನಸ್ಸಿಲ್ಲ ಎನ್ನುವುದು ಕಾಣುತ್ತಿತ್ತು.

"ಆ ನಲವತ್ತೊಂದರಲ್ಲಿ, ಎಷ್ಟು ಸಲ ಮೇಲೆ ನಿಜವಾಗಿ ಏನಾದರೂ ಅನಾಹುತ ಆಯ್ತಮ್ಮಾ?"

"ಒಂದು ಸಲವೂ ಇಲ್ಲ," ಎಂದಳು ಕೋಲಕ್ಕ. "ಇವತ್ತು ಮೂರು ಜನ ಕೆಮ್ಮಿದ್ರೆ ನಲವತ್ತೆರಡು."